ಬಣ್ಣ ಹಚ್ಚುವ ಮಕ್ಕಳೂ ಪಾಠಶಾಲೆಯೂ



ನಮ್ಮ ಉಡಿಗಾಲದಂಥ ಹಳ್ಳಿಯ ಮಕ್ಕಳಿಗೂ ಈಗ ಟೆಲಿವಿಷನ್ನಿನ ಕರೆ ಬರುವುದುಂಟು. ಹಿಂದೊಮ್ಮೆ ತಂದೆಯೊಬ್ಬರು ನನ್ನ ಬಳಿಗೆ ಬಂದು, ಧಾರಾವಾಹಿಯಲ್ಲಿ ಅಭಿನಯಿಸಲು ತಮ್ಮ 13 ವರ್ಷದ ಮಗಳಿಗೆ ಎರಡು ತಿಂಗಳ ರಜೆಯನ್ನು ಬೇಡಿದರು. ಪಾಠವನ್ನು ಮುಂದೆಯೂ ಕಲಿಯಬಹುದೆಂಬುದು ಅವರ ವಾದವಾಗಿತ್ತು. ಅವರಿಗೆ ನಾನು ತಿಳಿಸಿದ್ದನ್ನೇ ಸರ್ವರ ಉಪಯೋಗಕ್ಕಾಗಿ ಇಲ್ಲಿ ಬರೆದಿರುವೆನು.

ಹಿಂದೆ ನಾಟಕದ ಕಂಪನಿಯನ್ನು ಸೇರಿದ ಮಗುವಿಗೆ ಪಾಠಶಾಲೆಯ ಬಾಗಿಲು ಮುಚ್ಚಿದಂತೆಯೇ ಸರಿ. ನಮ್ಮ ಜಿಲ್ಲೆಯ ಸಿಂಗಾನಲ್ಲೂರಿನ ನಟ ಪುಟ್ಟಸ್ವಾಮಯ್ಯನವರ ಮಗ ಮುತ್ತುರಾಜನು ಎಳವೆಯಲ್ಲೇ ಓದನ್ನು ಬಿಟ್ಟು ಗುಬ್ಬಿ ವೀರಣ್ಣನವರ ಕಂಪನಿಯನ್ನು ಸೇರಿದನು. ಆತನೇ ಮುಂದೆ ಡಾ. ರಾಜಕುಮಾರ್ ಎಂದು ನಾಡಿಗೆಲ್ಲ ಪ್ರಿಯರಾದರು. ಆದರೆ ಅವರಂತೆ ಓದನ್ನು ಬಿಟ್ಟು, ಅವರಂತೆ ಕೀರ್ತಿಯನ್ನು ಪಡೆಯದೆ ಹೋದ ಮಕ್ಕಳನ್ನು ನಾವು ಮರೆಯಲಾಗದು.

ಸಂಪಾದನೆಯ ವಿಷಯವೂ ಹಾಗೆಯೇ. 1921ರ ‘ದಿ ಕಿಡ್’ ಚಿತ್ರದಲ್ಲಿ ಚಾಪ್ಲಿನ್ನರೊಡನೆ ಅಭಿನಯಿಸಿದ ಅಮೇರಿಕದ ಬಾಲಕ ಜಾಕಿ ಕೂಗನ್ ಪ್ರಾಯಕ್ಕೆ ಬಂದು ನೋಡುವಲ್ಲಿ, ತಾನು ದುಡಿದ ಹಣದ ಬಹುಭಾಗವು ತಾಯಿ ಮತ್ತು ಮಲತಂದೆಯ ಕೈಯಲ್ಲಿ ವೆಚ್ಚವಾಗಿ ಹೋಗಿತ್ತು. ಇದರ ಫಲವಾಗಿ ಕ್ಯಾಲಿಫೋರ್ನಿಯಾದಲ್ಲಿ 1939ರಲ್ಲಿ ಬಾಲನಟರ ಸಂಪಾದನೆಯನ್ನು ಕಾಯುವ ಕಾನೂನು ಹುಟ್ಟಿತು.

ನಮ್ಮ ದೇಶದಲ್ಲಿ 1986ರ ಬಾಲಕಾರ್ಮಿಕ ಕಾಯಿದೆಯನ್ನು 2016ರಲ್ಲಿ ತಿದ್ದಿ, 14 ವರ್ಷ ತುಂಬದ ಮಕ್ಕಳಿಂದ ದುಡಿಸುವುದನ್ನು ನಿಷೇಧಿಸಿದರು. ಮನೆತನದ ಕಸುಬಿನಲ್ಲಿ ನೆರವಾಗುವುದಕ್ಕೂ, ಚಲನಚಿತ್ರ, ಧಾರಾವಾಹಿ ಮುಂತಾದವುಗಳಲ್ಲಿ ಅಭಿನಯಿಸುವುದಕ್ಕೂ ಅವಕಾಶವಿತ್ತರು. ಸರ್ಕಸ್ಸಿಗೆ ಅದೂ ಇಲ್ಲ. ಯಾವುದರಿಂದಲೂ ಶಾಲೆಯ ಓದಿಗೆ ಭಂಗವಾಗಕೂಡದು. 2017ರ ನಿಯಮಗಳ ಮೇರೆಗೆ ನಿರ್ಮಾಪಕರು ಮುಂಚಿತವಾಗಿ ಜಿಲ್ಲಾ ಮ್ಯಾಜಿಸ್ಟ್ರೇಟರ ಅನುಮತಿಯನ್ನು ಪಡೆಯತಕ್ಕದ್ದು. ದಿನಕ್ಕೆ 5 ಗಂಟೆಗೆ ಮೀರಿ, ವಿಶ್ರಾಂತಿಯಿಲ್ಲದೆ 3 ಗಂಟೆಗೆ ಮೀರಿ, ಎಡೆಬಿಡದೆ 27 ದಿನಗಳಿಗೆ ಮೀರಿ ಮಗುವಿನಿಂದ ಕೆಲಸ ಮಾಡಿಸಕೂಡದು. ಐದು ಮಕ್ಕಳಿಗೆ ಒಬ್ಬರಂತೆ ಹೊಣೆಗಾರರಿರಬೇಕು. ಸಂಪಾದನೆಯಲ್ಲಿ ನೂರಕ್ಕೆ 20ರಷ್ಟನ್ನಾದರೂ ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಮಗುವಿನ ಹೆಸರಿಗೇ ಠೇವಣಿಯಿಡಬೇಕು. ಹೀಗೆ, ಚಿತ್ರೀಕರಣಕ್ಕೆ ಮಗು ಹೊಂದಿಕೊಳ್ಳುವುದು ತಪ್ಪಿ, ಮಗುವಿನ ವೇಳೆಗೆ ಚಿತ್ರೀಕರಣವೇ ಹೊಂದಿಕೊಳ್ಳಬೇಕಾಯಿತು.

ಆದರೆ ಕಾಗದದ ಮೇಲಿನ ನಿಯಮವು ತಾನಾಗಿ ನಡೆಯಲಾರದು. ಅನುಮತಿಯ ಪತ್ರವನ್ನೂ ಠೇವಣಿಯ ರಸೀದಿಯನ್ನೂ ಕೇಳಿ ನೋಡಬೇಕಾದವರು ತಾಯಿತಂದೆಗಳು. ಎಲ್ಲಕ್ಕೂ ಮೊದಲು ಮಗುವನ್ನೇ ಕೇಳತಕ್ಕದ್ದು. ಇಷ್ಟವಿಲ್ಲದ ಮಗುವಿನಿಂದ ಅಭಿನಯ ಮಾಡಿಸುವುದಕ್ಕೂ ನಿಯಮವು ಅಡ್ಡಿಯಾಗಿದೆ.

ಆ ತಂದೆಯವರು ನನ್ನ ಎದುರಿನಲ್ಲಿಯೇ ಮಗಳನ್ನು ಕರೆದು ಕೇಳಿದರು. “ಬೇಸಿಗೆಯ ರಜೆಯಲ್ಲಾದರೆ ಹೋಗುತ್ತೇನೆ, ಅಪ್ಪಾ; ಈಗ ಪರೀಕ್ಷೆಯಿದೆ,” ಎಂದಳು. ಅವರು ಅರ್ಜಿಯನ್ನು ಮಡಿಸಿ ಜೇಬಿಗೆ ಹಾಕಿಕೊಂಡರು.