ಮಗುವಿಗೆ ನೆಬ್ಯುಲೈಜರ್: ಆಯ್ಕೆಗೆ ಮುನ್ನ ತಿಳಿದಿರಬೇಕಾದ ಸಂಗತಿಗಳು

ಬಾಂದ್ರಾವೂ ಸೇರಿದಂತೆ ಮುಂಬಯಿಯ ಉಪನಗರಗಳಲ್ಲಿ ಕನ್ನಡ ಕುಟುಂಬಗಳು ಹಲವು ದಶಕಗಳಿಂದ ನೆಲೆಸಿವೆ. ಉಡುಪಿ, ದಕ್ಷಿಣ ಕನ್ನಡ ಜಿಲ್ಲೆಗಳಿಂದ ಹೋಟೆಲ್ ಉದ್ಯಮಕ್ಕಾಗಿ ಬಂದವರೂ ಕಲಬುರಗಿ, ವಿಜಯಪುರದ ಕಡೆಯಿಂದ ಕಟ್ಟಡ ಕೆಲಸಕ್ಕಾಗಿ ಬಂದವರೂ ಇವರಲ್ಲಿದ್ದಾರೆ. ಬಾಂದ್ರಾದ ಒಂದು ಬದಿಗೆ ಅರಬ್ಬೀ ಸಮುದ್ರವಿದ್ದರೆ, ಪೂರ್ವ ಭಾಗದಲ್ಲಿ ಪಶ್ಚಿಮ ಎಕ್ಸ್‌ಪ್ರೆಸ್ ಹೆದ್ದಾರಿ ಹಾಗೂ ಬಾಂದ್ರಾ-ಕುರ್ಲಾ ಸಂಕೀರ್ಣಗಳಿವೆ. ಜೂನ್‌ನಿಂದ ಸೆಪ್ಟೆಂಬರ್‌ವರೆಗಿನ ಮಳೆಗಾಲದಲ್ಲಿ ಮನೆಗಳ ಗೋಡೆಗಳು ತೇವಗೊಂಡು ಬೂಷ್ಟು ಹಿಡಿಯುತ್ತವೆ. ಚಳಿಗಾಲದಲ್ಲಿ ಗಾಳಿಯ ವೇಗ ಕುಂದಿ, ವಾಹನಗಳ ಹೊಗೆ ಮತ್ತು ಕಾಮಗಾರಿಗಳ ಧೂಳು ನೆಲಮಟ್ಟದಲ್ಲಿಯೇ ಉಳಿಯುತ್ತವೆ. ಕಾಮಗಾರಿಗಳ ಧೂಳನ್ನು ತಡೆಯುವ ಸಲುವಾಗಿ ಬೃಹನ್ಮುಂಬಯಿ ಮಹಾನಗರಪಾಲಿಕೆಯು 2023ರ ಅಕ್ಟೋಬರ್‌ನಲ್ಲಿ ಮಾರ್ಗಸೂಚಿಗಳನ್ನು ಹೊರಡಿಸಿತು.

ಬೂಷ್ಟು, ಹೊಗೆ, ಧೂಳು ಹಾಗೂ ನೆಗಡಿಯ ವೈರಾಣುಗಳು ಉಬ್ಬಸವಿರುವ ಮಕ್ಕಳ ತೊಂದರೆಯನ್ನು ಹೆಚ್ಚಿಸುತ್ತವೆ. ನಡುರಾತ್ರಿ ಮಗು ಗೊರಗೊರ ಸದ್ದು ಮಾಡುತ್ತ ಉಸಿರಿಗಾಗಿ ಹೆಣಗುವುದನ್ನು ಕಂಡ ತಾಯಿತಂದೆಯರು ಮರುದಿನವೇ ಔಷಧದಂಗಡಿಗೆ ಹೋಗಿ ನೆಬ್ಯುಲೈಜರ್ ಯಂತ್ರವನ್ನು ಕೊಳ್ಳಲು ಮುಂದಾಗುವುದು ಸಹಜ. ಆದರೆ ಯಂತ್ರವು ಔಷಧವನ್ನು ಶ್ವಾಸಕೋಶಕ್ಕೆ ತಲುಪಿಸುವ ಸಾಧನ ಮಾತ್ರ. ಮಗುವಿನ ವಯಸ್ಸು, ರೋಗದ ಸ್ವರೂಪ ಮತ್ತು ವೈದ್ಯರು ಸೂಚಿಸಿದ ಔಷಧ ಇವುಗಳಿಗೆ ಹೊಂದಿಕೆಯಾಗುವ ಸಾಧನವನ್ನು ಆರಿಸಿದಾಗಲೇ ಅದರಿಂದ ಪ್ರಯೋಜನ ದೊರೆಯುತ್ತದೆ.

ನೆಬ್ಯುಲೈಜರ್ ಎಂದರೇನು?

ದ್ರವರೂಪದ ಔಷಧವನ್ನು ಅತಿ ಸೂಕ್ಷ್ಮ ಹನಿಗಳ ಮಂಜನ್ನಾಗಿ ಪರಿವರ್ತಿಸುವ ಉಪಕರಣವೇ ನೆಬ್ಯುಲೈಜರ್. ಹನಿಗಳ ಗಾತ್ರ 1ರಿಂದ 5 ಮೈಕ್ರಾನ್ ಇದ್ದರೆ ಅವು ಶ್ವಾಸನಾಳಗಳ ಒಳಭಾಗವನ್ನು ತಲುಪುತ್ತವೆ. ಅದಕ್ಕಿಂತ ದೊಡ್ಡ ಹನಿಗಳು ಬಾಯಿ ಮತ್ತು ಗಂಟಲಿನಲ್ಲಿಯೇ ಉಳಿದುಬಿಡುತ್ತವೆ. ನೀರು ಕಾಯಿಸಿ ಹಬೆ ನೀಡುವ ಯಂತ್ರವೇ ಬೇರೆ, ನೆಬ್ಯುಲೈಜರ್ ಬೇರೆ. ಹಬೆಯಂತ್ರವು ಶ್ವಾಸನಾಳಗಳಿಗೆ ಔಷಧವನ್ನು ಒದಗಿಸಲಾರದು. ಬಿಸಿನೀರು ಮೈಮೇಲೆ ಚೆಲ್ಲಿ ಮಕ್ಕಳಿಗೆ ಸುಟ್ಟಗಾಯಗಳಾಗುವ ಅಪಾಯವೂ ಅದರಲ್ಲಿದೆ.

ಮೊದಲು ವೈದ್ಯರ ನಿರ್ಣಯ

ಐದು ವರ್ಷದೊಳಗಿನ ಮಕ್ಕಳಲ್ಲಿ ನೆಗಡಿಯೊಂದಿಗೆ ಉಬ್ಬಸ ಕಾಣಿಸಿಕೊಳ್ಳುವುದು ಸಾಮಾನ್ಯ. ಇಂತಹ ಮಕ್ಕಳಿಗೆಲ್ಲ ಅಸ್ತಮಾ ಇರುತ್ತದೆಂದು ಭಾವಿಸಬೇಕಾಗಿಲ್ಲ. ಬೆಳೆದಂತೆ ಅನೇಕರಲ್ಲಿ ಈ ತೊಂದರೆ ನಿಂತುಹೋಗುತ್ತದೆ. ಒಂದು ವರ್ಷದೊಳಗಿನ ಶಿಶುಗಳಲ್ಲಿ ವೈರಾಣುಗಳಿಂದ ಸಣ್ಣ ಶ್ವಾಸನಾಳಗಳು ಊದಿಕೊಳ್ಳುವ ಬ್ರಾಂಕಿಯೋಲೈಟಿಸ್ ಎಂಬ ಕಾಯಿಲೆ ಬರುವುದುಂಟು. ಅದಕ್ಕೆ ಸಾಲ್ಬುಟಮಾಲ್ ಮಂಜನ್ನು ವಾಡಿಕೆಯಂತೆ ನೀಡುವುದರಿಂದ ಪ್ರಯೋಜನವಿಲ್ಲವೆಂದು ತಜ್ಞರು ಒಪ್ಪಿದ್ದಾರೆ. ಸಾಧಾರಣ ನೆಗಡಿ ಕೆಮ್ಮುಗಳಿಗೂ ಈ ಯಂತ್ರದ ಅಗತ್ಯವಿಲ್ಲ. ಆದುದರಿಂದ ಯಾವ ಕಾಯಿಲೆ, ಯಾವ ಔಷಧ, ಎಷ್ಟು ಪ್ರಮಾಣ, ದಿನಕ್ಕೆ ಎಷ್ಟು ಬಾರಿ ಎಂಬುದನ್ನು ವೈದ್ಯರಿಂದ ಬರಹದಲ್ಲಿ ಪಡೆದ ನಂತರವೇ ಖರೀದಿಯನ್ನು ಯೋಚಿಸತಕ್ಕದ್ದು. ನೆರೆಮನೆಯ ಮಗುವಿಗೆ ಬರೆದುಕೊಟ್ಟ ಔಷಧವನ್ನು ಎಂದಿಗೂ ಬಳಸಬಾರದು.

ಸ್ಪೇಸರ್ ಸಾಕಾಗಬಹುದೇ?

ಇದು ವೈದ್ಯರನ್ನು ಕೇಳಲೇಬೇಕಾದ ಪ್ರಶ್ನೆ. ಸ್ಪೇಸರ್ ಎಂಬುದು ಒಳಗೆ ಟೊಳ್ಳಾದ ಪ್ಲಾಸ್ಟಿಕ್ ಕೊಳವೆ. ಇದರ ಒಂದು ತುದಿಗೆ ಇನ್‌ಹೇಲರನ್ನು ಜೋಡಿಸಿ, ಇನ್ನೊಂದು ತುದಿಯಿಂದ ಮಗು ಸಹಜವಾಗಿ ಉಸಿರಾಡುವಂತೆ ಮಾಡಲಾಗುತ್ತದೆ. ಐದು ವರ್ಷ ಮತ್ತು ಅದಕ್ಕಿಂತ ಕಡಿಮೆ ವಯಸ್ಸಿನ ಮಕ್ಕಳಿಗೆ ಇನ್‌ಹೇಲರ್ ಸಹಿತ ಸ್ಪೇಸರನ್ನೇ ಮೊದಲ ಆಯ್ಕೆಯಾಗಿಯೂ, ಅದನ್ನು ಬಳಸಲಾಗದವರಿಗೆ ನೆಬ್ಯುಲೈಜರನ್ನು ಪರ್ಯಾಯವಾಗಿಯೂ ಅಂತರರಾಷ್ಟ್ರೀಯ ಅಸ್ತಮಾ ಮಾರ್ಗದರ್ಶಿ ಗೀನಾ ಸೂಚಿಸುತ್ತದೆ. ಪ್ರಾಣಾಪಾಯವಿಲ್ಲದ ಉಬ್ಬಸದಲ್ಲಿ ಸ್ಪೇಸರ್ ಮೂಲಕ ನೀಡಿದ ಸಾಲ್ಬುಟಮಾಲ್ ನೆಬ್ಯುಲೈಜರ್‌ನಷ್ಟೇ ಪರಿಣಾಮಕಾರಿಯೆಂದು ಆಸ್ಪತ್ರೆಗಳಲ್ಲಿ ನಡೆದ ಅಧ್ಯಯನಗಳು ತೋರಿಸಿವೆ. ಎದೆಬಡಿತದ ಏರಿಕೆಯೂ ಸ್ಪೇಸರ್ ಬಳಸಿದ ಮಕ್ಕಳಲ್ಲಿ ಕಡಿಮೆ ಕಂಡುಬಂದಿದೆ.

ಸ್ಪೇಸರಿಗೆ ವಿದ್ಯುತ್ತು ಬೇಡ, ಸದ್ದಿಲ್ಲ, ಬೆಲೆಯೂ ಕಡಿಮೆ. ಬೇಸಿಗೆ ರಜೆಯಲ್ಲಿ ರೈಲಿನಲ್ಲಿ ಊರಿಗೆ ಹೊರಟಾಗ ಕೈಚೀಲದಲ್ಲಿಯೇ ಒಯ್ಯಬಹುದು. ಮೂರು ವರ್ಷದವರೆಗಿನ ಮಕ್ಕಳಿಗೆ ಮಾಸ್ಕ್ ಸಹಿತ ಸ್ಪೇಸರ್ ಬೇಕು. ನಾಲ್ಕು ವರ್ಷದಿಂದ ಮೇಲೆ ಬಾಯಿಯಲ್ಲಿ ಹಿಡಿಯುವ ಕೊಳವೆಯನ್ನು ಅಭ್ಯಾಸ ಮಾಡಿಸಬಹುದು. ಇನ್‌ಹೇಲರನ್ನು ಕುಲುಕಿ, ಒಂದು ಸಲಕ್ಕೆ ಒಂದೇ ಬಾರಿ ಒತ್ತಿ, ಮಗು ಐದಾರು ಸಲ ಉಸಿರಾಡಿದ ಮೇಲೆ ಅಗತ್ಯವಿದ್ದರೆ ಮತ್ತೊಮ್ಮೆ ಒತ್ತಬೇಕು.

ಮೂರು ಬಗೆಯ ಯಂತ್ರಗಳು

ನೆಬ್ಯುಲೈಜರ್ ಬೇಕೆಂದೇ ವೈದ್ಯರು ನಿರ್ಧರಿಸಿದರೆ ಮಾರುಕಟ್ಟೆಯಲ್ಲಿ ಮುಖ್ಯವಾಗಿ ಮೂರು ಬಗೆಗಳು ದೊರೆಯುತ್ತವೆ.

ಕಂಪ್ರೆಸರ್ ನೆಬ್ಯುಲೈಜರ್: ಒತ್ತಿದ ಗಾಳಿಯ ಬಲದಿಂದ ಔಷಧವನ್ನು ಮಂಜಾಗಿಸುತ್ತದೆ. ಸಾಲ್ಬುಟಮಾಲ್, ಇಪ್ರಾಟ್ರೋಪಿಯಂ, ಬುಡೆಸೊನೈಡ್ ಮೊದಲಾದ ಸಾಮಾನ್ಯ ಔಷಧಗಳಿಗೆಲ್ಲ ಹೊಂದುತ್ತದೆ. ಬೆಲೆ ಮಿತವಾಗಿದ್ದು, ದೀರ್ಘಕಾಲ ಬಾಳುತ್ತದೆ. ಇದರ ಸದ್ದು ಹೆಚ್ಚು. ಸಣ್ಣ ಮಕ್ಕಳು ಬೆದರಬಹುದು. ಒಂದು ಸಲದ ಚಿಕಿತ್ಸೆಗೆ ಸಾಮಾನ್ಯವಾಗಿ 5ರಿಂದ 15 ನಿಮಿಷ ಹಿಡಿಯುತ್ತದೆ.

ಅಲ್ಟ್ರಾಸಾನಿಕ್ ನೆಬ್ಯುಲೈಜರ್: ಶಬ್ದಾತೀತ ಕಂಪನಗಳಿಂದ ಕೆಲಸ ಮಾಡುತ್ತದೆ. ಸದ್ದು ಕಡಿಮೆ. ಆದರೆ ಔಷಧವು ದ್ರವದಲ್ಲಿ ಕರಗದೆ ಕಣಗಳಾಗಿ ತೇಲುವ ಬುಡೆಸೊನೈಡ್‌ನಂತಹವುಗಳಿಗೆ ಇದು ಯೋಗ್ಯವಲ್ಲ.

ಮೆಶ್ ನೆಬ್ಯುಲೈಜರ್: ಸೂಕ್ಷ್ಮ ರಂಧ್ರಗಳಿರುವ ಜಾಲರಿಯ ಕಂಪನದಿಂದ ಮಂಜನ್ನು ಉಂಟುಮಾಡುತ್ತದೆ. ಅಂಗೈಯಲ್ಲಿ ಹಿಡಿಯುವಷ್ಟು ಚಿಕ್ಕದು, ಸದ್ದು ಬಹಳ ಕಡಿಮೆ. ಬ್ಯಾಟರಿಯಿಂದ ನಡೆಯುವ ಮಾದರಿಗಳು ಪ್ರಯಾಣಕ್ಕೂ ವಿದ್ಯುತ್ ಕಡಿತವಿರುವ ಊರುಗಳಿಗೂ ಅನುಕೂಲ. ಬೆಲೆ ಹೆಚ್ಚು. ಜಾಲರಿಯ ರಂಧ್ರಗಳು ಕಟ್ಟಿಕೊಳ್ಳದಂತೆ ಎಚ್ಚರಿಕೆಯಿಂದ ಶುಚಿಗೊಳಿಸಬೇಕು.

ಮಾಸ್ಕ್ ಸರಿಯಾಗಿ ಕೂರಬೇಕು

ಯಂತ್ರ ಎಷ್ಟೇ ಉತ್ತಮವಾಗಿದ್ದರೂ ಮಾಸ್ಕ್ ಮುಖಕ್ಕೆ ಸರಿಯಾಗಿ ಕೂರದಿದ್ದರೆ ಔಷಧದ ಬಹುಭಾಗ ಗಾಳಿಯಲ್ಲಿ ಸೇರಿಹೋಗುತ್ತದೆ. ಮೂಗು ಬಾಯಿಗಳನ್ನು ಮುಚ್ಚುವ, ಕಣ್ಣಿಗೆ ತಾಗದ, ಮಗುವಿನ ಅಳತೆಯ ಮೃದುವಾದ ಮಾಸ್ಕನ್ನು ಆರಿಸಬೇಕು. ಮಾಸ್ಕನ್ನು ಮುಖದಿಂದ ದೂರ ಹಿಡಿದು ಮಂಜನ್ನು ಊದಿಸುವ ರೂಢಿ ನಿಷ್ಪ್ರಯೋಜಕ. ಅಳುವ ಮಗುವಿನ ಶ್ವಾಸಕೋಶಕ್ಕೆ ಔಷಧ ಅಲ್ಪವಾಗಿ ಹೋಗುತ್ತದೆ. ಆದುದರಿಂದ ಮಗು ಆರೋಗ್ಯವಾಗಿರುವ ದಿನಗಳಲ್ಲಿಯೇ ಮಾಸ್ಕನ್ನು ಆಟದ ಸಾಮಾನಿನಂತೆ ಪರಿಚಯಿಸಿ, ಚಿಕಿತ್ಸೆಯ ವೇಳೆ ಮಡಿಲಲ್ಲಿ ನೆಟ್ಟಗೆ ಕೂರಿಸಿಕೊಂಡು, ಕಥೆ ಹೇಳುತ್ತ ಔಷಧ ನೀಡುವುದು ಒಳ್ಳೆಯದು.

ಕೊಳ್ಳುವಾಗ ಗಮನಿಸಬೇಕಾದುವು

ಕೇಂದ್ರ ಸರ್ಕಾರವು 2018ರ ಡಿಸೆಂಬರ್‌ನಲ್ಲಿ ಅಧಿಸೂಚನೆ ಹೊರಡಿಸಿ ನೆಬ್ಯುಲೈಜರ್‌ಗಳನ್ನು ಔಷಧ ಮತ್ತು ಪ್ರಸಾಧನ ಸಾಮಗ್ರಿ ಅಧಿನಿಯಮ, 1940ರ ವ್ಯಾಪ್ತಿಗೆ ತಂದಿತು. ಇವುಗಳಿಗೆ ವೈದ್ಯಕೀಯ ಸಾಧನಗಳ ನಿಯಮಗಳು, 2017 ಅನ್ವಯಿಸುತ್ತವೆ. 2021ರ ಜುಲೈನಲ್ಲಿ ರಾಷ್ಟ್ರೀಯ ಔಷಧ ಬೆಲೆ ನಿರ್ಧಾರಕ ಪ್ರಾಧಿಕಾರವು ನೆಬ್ಯುಲೈಜರ್ ಸೇರಿದಂತೆ ಐದು ಸಾಧನಗಳ ಮೇಲಿನ ವ್ಯಾಪಾರಿ ಲಾಭಾಂಶಕ್ಕೆ ಶೇಕಡಾ 70ರ ಮಿತಿಯನ್ನು ವಿಧಿಸಿತ್ತು.

ಪೆಟ್ಟಿಗೆಯ ಮೇಲೆ ತಯಾರಕರ ಹೆಸರು ವಿಳಾಸ, ಪರವಾನಗಿ ಸಂಖ್ಯೆ, ತಯಾರಿಕೆಯ ದಿನಾಂಕ ಮತ್ತು ಗರಿಷ್ಠ ಚಿಲ್ಲರೆ ಮಾರಾಟ ಬೆಲೆಗಳನ್ನು ಓದಿ ನೋಡಬೇಕು. ಹನಿಗಳ ಗಾತ್ರವನ್ನು ಕೈಪಿಡಿಯಲ್ಲಿ ನಮೂದಿಸಿದೆಯೇ, ಮಕ್ಕಳ ಮಾಸ್ಕ್ ಜೊತೆಯಲ್ಲಿದೆಯೇ, ಔಷಧದ ಬಟ್ಟಲು, ಕೊಳವೆ, ಫಿಲ್ಟರ್‌ಗಳು ಬಿಡಿಯಾಗಿ ದೊರೆಯುತ್ತವೆಯೇ ಎಂಬುದನ್ನು ವಿಚಾರಿಸಬೇಕು. ಅಂಗಡಿಯಲ್ಲಿ ಯಂತ್ರವನ್ನು ನಡೆಸಿ ಸದ್ದನ್ನು ಕೇಳಬೇಕು. ರಸೀದಿ ಮತ್ತು ವಾರಂಟಿ ಪತ್ರಗಳನ್ನು ಜೋಪಾನವಾಗಿಡಬೇಕು. ದೂರುಗಳಿದ್ದಲ್ಲಿ ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ಕರೆ ಮಾಡಬಹುದು. ಬೇರೆಯವರು ಬಳಸಿದ ಮಾಸ್ಕ್ ಮತ್ತು ಬಟ್ಟಲುಗಳನ್ನು ಮಗುವಿಗೆ ಉಪಯೋಗಿಸಬಾರದು.

ಶುಚಿತ್ವ

ತೇವ ಉಳಿದ ಬಟ್ಟಲಿನಲ್ಲಿ ರೋಗಾಣುಗಳು ಬೆಳೆದು, ಮುಂದಿನ ಸಲ ನೇರವಾಗಿ ಶ್ವಾಸಕೋಶವನ್ನು ಸೇರುತ್ತವೆ. ಮುಂಬಯಿಯ ಮಳೆಗಾಲದಲ್ಲಿ ಈ ಅಪಾಯ ಹೆಚ್ಚು. ಪ್ರತಿ ಸಲ ಬಳಸಿದ ನಂತರ ಬಟ್ಟಲು ಮತ್ತು ಮಾಸ್ಕ್‌ಗಳನ್ನು ಬಿಡಿಸಿ ಸೋಪಿನ ನೀರಿನಿಂದ ತೊಳೆದು, ಶುದ್ಧ ನೀರಿನಲ್ಲಿ ಜಾಲಿಸಿ, ಗಾಳಿಗೆ ಪೂರ್ಣವಾಗಿ ಒಣಗಿಸಬೇಕು. ಕೈಪಿಡಿಯಲ್ಲಿ ಹೇಳಿದ ಕ್ರಮದಂತೆ ನಂಜುರಹಿತಗೊಳಿಸಬೇಕು. ಔಷಧಕ್ಕೆ ದ್ರವ ಬೆರೆಸಬೇಕಾದಲ್ಲಿ ವೈದ್ಯರು ಹೇಳಿದ ನಂಜುರಹಿತ ಸಲೈನನ್ನೇ ಉಪಯೋಗಿಸಬೇಕು. ನಲ್ಲಿಯ ನೀರು ಸಲ್ಲದು. ಬುಡೆಸೊನೈಡ್ ನೀಡಿದ ಮೇಲೆ ಮಗುವಿನ ಮುಖ ತೊಳೆದು, ಬಾಯಿ ಮುಕ್ಕಳಿಸಲು ಹೇಳಬೇಕು.

ಮನೆಯಲ್ಲಿ ಕಾಯಬಾರದ ಸಂದರ್ಭ

ಮನೆಯಲ್ಲಿ ಯಂತ್ರವಿದೆಯೆಂಬ ಧೈರ್ಯದಿಂದ ಆಸ್ಪತ್ರೆಗೆ ಹೋಗಲು ತಡಮಾಡುವುದು ಅತ್ಯಂತ ಅಪಾಯಕರ. ಕೆಳಗಿನ ಯಾವುದೇ ಚಿಹ್ನೆ ಕಂಡುಬಂದರೆ ಕೂಡಲೇ ಹೊರಡಬೇಕು:

ಪಕ್ಕೆ ಒಳಗೆ ಸೆಳೆಯುವುದು. ತುಟಿ ಅಥವಾ ನಾಲಿಗೆ ನೀಲಿಗಟ್ಟುವುದು. ಮಾತನಾಡಲು, ಹಾಲು ಕುಡಿಯಲು ಆಗದಿರುವುದು. ಮಗು ಮಂಕಾಗಿ ತೂಕಡಿಸುವುದು. ಔಷಧ ನೀಡಿದ ಮೇಲೂ ಬೇಗನೆ ಉಪಶಮನವಾಗದಿರುವುದು ಅಥವಾ ಉಪಶಮನದ ಅವಧಿ ಸಲದಿಂದ ಸಲಕ್ಕೆ ಕಡಿಮೆಯಾಗುವುದು. ಒಂದು ವರ್ಷದೊಳಗಿನ ಶಿಶುವಿಗೆ ಮತ್ತೆ ಮತ್ತೆ ಔಷಧ ಬೇಕಾಗುವುದು. ಮಗು ಶಾಂತವಾಗಿರುವಾಗ ಪೂರ್ಣ ಒಂದು ನಿಮಿಷ ಉಸಿರನ್ನು ಎಣಿಸಬೇಕು. 2ರಿಂದ 12 ತಿಂಗಳ ಶಿಶುವಿನಲ್ಲಿ 50 ಅಥವಾ ಹೆಚ್ಚು, 1ರಿಂದ 5 ವರ್ಷದ ಮಗುವಿನಲ್ಲಿ 40 ಅಥವಾ ಹೆಚ್ಚು ಇದ್ದರೆ ಅದು ವೇಗದ ಉಸಿರಾಟವಾಗಿದ್ದು, ವೈದ್ಯರಿಗೆ ತೋರಿಸುವುದು ಅವಶ್ಯಕ.

ಬಾಂದ್ರಾ ಪಶ್ಚಿಮದಲ್ಲಿ ಮಹಾನಗರಪಾಲಿಕೆಯ ಕೆ.ಬಿ. ಭಾಭಾ ಆಸ್ಪತ್ರೆಯಿದೆ. ಪರೇಲ್‌ನಲ್ಲಿ ಮಕ್ಕಳಿಗಾಗಿಯೇ ಇರುವ ಬಾಯಿ ಜೆರ್ಬಾಯಿ ವಾಡಿಯಾ ಆಸ್ಪತ್ರೆಯಿದೆ. ಆಂಬುಲೆನ್ಸಿಗಾಗಿ 108ಕ್ಕೆ ಕರೆ ಮಾಡಬಹುದು. ವೈದ್ಯರ ಚೀಟಿಯನ್ನೂ ನೀಡಿದ ಔಷಧದ ಹೆಸರು ಮತ್ತು ವೇಳೆಯನ್ನು ಬರೆದ ಕಾಗದವನ್ನೂ ಜೊತೆಗೆ ಒಯ್ಯಬೇಕು.

ಮನೆಯೊಳಗೆ ಬೀಡಿ ಸಿಗರೇಟು ಸೇದದಿರುವುದು, ಸೊಳ್ಳೆಬತ್ತಿ ಮತ್ತು ಊದುಬತ್ತಿಗಳ ಹೊಗೆಯನ್ನು ತಪ್ಪಿಸುವುದು, ಗೋಡೆಯ ಬೂಷ್ಟನ್ನು ಆಗಾಗ ತೆಗೆಯುವುದು, ವೈದ್ಯರು ನಿತ್ಯ ಬಳಕೆಗೆ ಹೇಳಿದ ಔಷಧವನ್ನು ಮಗು ಚೆನ್ನಾಗಿದೆಯೆಂದು ನಿಲ್ಲಿಸದಿರುವುದು ಇವುಗಳನ್ನು ಪಾಲಿಸಿದರೆ ರಾತ್ರಿಯ ಉಬ್ಬಸದ ಪ್ರಸಂಗಗಳು ಕಡಿಮೆಯಾಗುತ್ತವೆ. ಯಂತ್ರದ ಅಗತ್ಯವೂ ಆ ಮಟ್ಟಿಗೆ ಕಡಿಮೆಯಾಗುತ್ತದೆ.