ಹಾಡು ಕಟ್ಟುವವರಿಗೊಂದು ಬೆಟ್ಟ

ಕೋಲಾರ ಜಿಲ್ಲೆಯ ಕೆಜಿಎಫ್ ಮತ್ತು ಬಂಗಾರಪೇಟೆಯ ಸುತ್ತಮುತ್ತ ಮನೆಮಾತು ತೆಲುಗೋ ತಮಿಳೋ ಆಗಿದ್ದು, ಶಾಲೆ ಕಚೇರಿಗಳಲ್ಲಿ ಕನ್ನಡ ನಡೆಯುವ ರೂಢಿ ಹಳೆಯದಾದ್ದರಿಂದ, ಈ ಸೀಮೆಯ ಕನ್ನಡ ಹಾಡುಗಳ ಮಟ್ಟಿನಲ್ಲಿ ನೆರೆಯ ನುಡಿಗಳ ಲಯವೂ ಸೇರಿಕೊಂಡಿದೆ. 1973ರಲ್ಲಿ ಸಚಿವ ಬಿ. ಬಸವಲಿಂಗಪ್ಪನವರು ಕನ್ನಡ ಸಾಹಿತ್ಯದ ಬಹುಪಾಲು ಬೂಸಾ ಎಂದದ್ದು ಗಲಭೆಗೆ ಕಾರಣವಾಗಿ, ಅದರ ಬೆನ್ನಿಗೆ ರೂಪುಗೊಂಡ ದಲಿತ ಸಂಘರ್ಷ ಸಮಿತಿಯು ಕೋಲಾರ ಜಿಲ್ಲೆಯಲ್ಲಿ ಬೇರೂರಿದಾಗ, ಕರಪತ್ರ ಓದಲಾಗದವರ ಕೇರಿಗಳನ್ನು ತಲುಪಿದ್ದು ಹಾಡು. ತಮಟೆಯನ್ನು ಬೆಂಕಿಗೆ ಹಿಡಿದು ಕಾಸಿ, ಚರ್ಮ ಬಿಗಿದು ನಾದ ಬಂದ ಮೇಲೆ ಶುರುವಾಗುತ್ತಿದ್ದ ಈ ಹೋರಾಟದ ಹಾಡುಗಳು ಬಾಯಿಂದ ಬಾಯಿಗೆ ಹೋದವು; ಹೋಗುವಾಗ ಬರೆದವರ ಹೆಸರು ಎಷ್ಟೋ ಸಲ ಉದುರಿಹೋಯಿತು.

ಆ ಚಳವಳಿಯಲ್ಲೇ ಬೆಳೆದ ಕವಿ, ನಾಟಕಕಾರ, ಹಾಡುಗಾರ ಕೋಟಿಗಾನಹಳ್ಳಿ ರಾಮಯ್ಯನವರು ಗೆಳೆಯರೊಂದಿಗೆ ಕಟ್ಟಿದ ಸಂಸ್ಥೆಯೇ ಆದಿಮ ಸಾಂಸ್ಕೃತಿಕ ಕೇಂದ್ರ. ಕೋಲಾರದ ಬಳಿ, ಕಲ್ಲಿನ ಬಸವನ ಬಾಯಿಂದ ನೀರು ಸುರಿಯುವ ಅಂತರಗಂಗೆಯ ಮೇಲ್ಭಾಗದಲ್ಲಿ, ತೇರಹಳ್ಳಿ ಬೆಟ್ಟದ ಶಿವಗಂಗೆಯಲ್ಲಿರುವ ಈ ಕೇಂದ್ರಕ್ಕೆ ಮೂಲ ಬಂಡವಾಳವಾದದ್ದು ಗೆಳೆಯರು ದಿನಕ್ಕೊಂದು ರೂಪಾಯಿಯಂತೆ ಹುಂಡಿಗೆ ಹಾಕಿ ಕೂಡಿಸಿದ ಹಣ. ಮಕ್ಕಳ ಶಿಬಿರವಾದ ಚುಕ್ಕಿಮೇಳ, ರಂಗತರಬೇತಿ ಇವೆಲ್ಲ ಇಲ್ಲಿ ನಡೆದಿವೆಯಾದರೂ, ಹಾಡು ಬರೆಯುವವರ ದೃಷ್ಟಿಯಿಂದ ಮುಖ್ಯವಾದದ್ದು ಪ್ರತಿ ಹುಣ್ಣಿಮೆಯ ರಾತ್ರಿ ಬಂಡೆಗಳ ನಡುವೆ ಸೇರುವ ‘ಹುಣ್ಣಿಮೆ ಹಾಡು’. ಏಕೆಂದರೆ ಹೊಸ ಹಾಡಿಗೆ ಮೊದಲು ಬೇಕಾದದ್ದು ಕೇಳುವ ಕಿವಿ, ಪ್ರಶಸ್ತಿಯ ಮಾತು ಆಮೇಲಿನದು. 2001ರ ಫೆಬ್ರವರಿ 28ರಂದು ಕೆಜಿಎಫ್‌ನ ಚಿನ್ನದ ಗಣಿ ಮುಚ್ಚಿದ ಮೇಲೆ ಮಾರಿಕುಪ್ಪಂ ಮತ್ತು ಬಂಗಾರಪೇಟೆಯಿಂದ ನಸುಕಿನ ರೈಲು ಹಿಡಿದು ಬೆಂಗಳೂರಿಗೆ ದುಡಿಯಲು ಹೋಗಿಬರುವ ಜನರ ಈ ಸೀಮೆಯಲ್ಲಿ, ರಾತ್ರಿ ಕೂತು ಹಾಡು ಕೇಳುವ ಪುರುಸೊತ್ತು ಸಣ್ಣ ಸಂಗತಿಯಲ್ಲ.

ಹಾಡು ಬರೆಯುವವರ ಬೆಂಬಲಕ್ಕೆ ಇನ್ನೊಂದು ಬಗೆಯ ಲಾಭರಹಿತ ಸಂಸ್ಥೆಯೂ ಉಂಟು. 1969ರಲ್ಲಿ ಮುಂಬಯಿಯಲ್ಲಿ ಆರಂಭವಾದ ಇಂಡಿಯನ್ ಪರ್ಫಾರ್ಮಿಂಗ್ ರೈಟ್ ಸೊಸೈಟಿಯು ಕಾಪಿರೈಟ್ ಸೊಸೈಟಿ, ಎಂದರೆ ಹಾಡು ಬಳಸಿದವರಿಂದ ರಾಯಧನ ವಸೂಲು ಮಾಡಿ ಬರೆದವರಿಗೂ ಸಂಗೀತ ಕೂಡಿಸಿದವರಿಗೂ ಹಂಚುವ ಸಂಸ್ಥೆ. ಬೇರೆ ಒಪ್ಪಂದವಿಲ್ಲದಿದ್ದರೆ ಸಂಭಾವನೆ ಕೊಟ್ಟು ಬರೆಸಿದ ಚಿತ್ರಗೀತೆಯ ಹಕ್ಕು ನಿರ್ಮಾಪಕನದೇ ಎಂದು 1977ರಲ್ಲಿ ಸುಪ್ರೀಂ ಕೋರ್ಟು ಈ ಸಂಸ್ಥೆಯ ವಿರುದ್ಧ ತೀರ್ಪಿತ್ತಿತು. ಹಕ್ಕನ್ನು ಬರೆದುಕೊಟ್ಟ ಮೇಲೂ ರಾಯಧನದಲ್ಲಿ ಕವಿಗೆ ಸಮಪಾಲು ಉಳಿಯಬೇಕೆಂಬ ತಿದ್ದುಪಡಿ ಬರಲು 2012ರವರೆಗೆ ಕಾಯಬೇಕಾಯಿತು.

ಆದರೆ ಈ ಲೆಕ್ಕವೆಲ್ಲ ರೇಡಿಯೊ, ಹೋಟೆಲುಗಳಲ್ಲಿ ಮೊಳಗುವ ಹಾಡಿನದು. ಹಣ ಕೊಡದೆ ಕೇಳುವ ಸಭಿಕರ ಮುಂದೆ ಹವ್ಯಾಸಿ ತಂಡ ಹಾಡಿದರೆ ಅದು ಉಲ್ಲಂಘನೆಯಲ್ಲವೆಂದು ಹಕ್ಕುಸ್ವಾಮ್ಯ ಕಾಯ್ದೆಯ 52ನೇ ಕಲಮೇ ಹೇಳುವುದರಿಂದ, ಕೇರಿಯಲ್ಲೋ ಮೆರವಣಿಗೆಯಲ್ಲೋ ಹಾಡಿದ್ದಕ್ಕೆ ಬರೆದವನ ಕೈಗೆ ಬಿಡಿಗಾಸೂ ಬಾರದು. ಅಂಥ ಹಾಡುಗಾರನಿಗೆ ಸಿಗುವುದು ತೇರಹಳ್ಳಿ ಬೆಟ್ಟದ ಮೇಲೆ ಒಂದು ರಾತ್ರಿಯ ಜಾಗ, ಬೆಳದಿಂಗಳು, ಮತ್ತು ಈ ಹಾಡು ಇಂಥವರದು ಎಂದು ಹೆಸರು ಹಿಡಿದು ಹೇಳುವ ಒಂದಷ್ಟು ಜನ.