ಭೂಮಿ ಬಿರಿದ ನಾಡಿನಲ್ಲಿ ಒಂದು ಹಗಲು

ಪ್ರೌಢಶಾಲೆಯ ಪ್ರಯೋಗಾಲಯ ಎಂದೊಡನೆ ನೆನಪಾಗುವುದು ನೀಲಿ ಜ್ವಾಲೆಯ ಬುನ್ಸೆನ್ ದೀಪ. ಆ ದೀಪಕ್ಕೆ ಹೆಸರು ಕೊಟ್ಟ ಜರ್ಮನಿಯ ರಸಾಯನ ವಿಜ್ಞಾನಿ ರಾಬರ್ಟ್ ಬುನ್ಸೆನ್, ದೀಪ ರೂಪಿಸುವುದಕ್ಕೆ ಸುಮಾರು ಹತ್ತು ವರ್ಷ ಮೊದಲೇ, 1846ರಲ್ಲಿ, ಉತ್ತರ ಧ್ರುವವೃತ್ತದ ಅಂಚಿನ ದ್ವೀಪವೊಂದಕ್ಕೆ ಹೋಗಿದ್ದ. ಅಲ್ಲಿ ನೆಲದಿಂದ ಕುದಿದು ಚಿಮ್ಮುವ ಬುಗ್ಗೆಯೊಂದರ ಬಾಯೊಳಗೆ ಉಷ್ಣಮಾಪಕಗಳನ್ನು ಇಳಿಬಿಟ್ಟು, ಅದು ಯಾಕೆ ಚಿಮ್ಮುತ್ತದೆ ಎಂದು ಲೆಕ್ಕ ಹಾಕಿದ. ಈ ಸಂಗತಿ ನಮ್ಮ ಪಠ್ಯಪುಸ್ತಕಗಳಲ್ಲಿ ಕಾಣುವುದಿಲ್ಲ. ದೀಪ ಮಾತ್ರ ಉಳಿದುಕೊಂಡಿದೆ.

ಆ ದ್ವೀಪವೇ ಐಸ್‌ಲ್ಯಾಂಡ್. ಬುಗ್ಗೆಯ ಹೆಸರು ಗೇಸಿರ್. ನಮ್ಮ ಬಚ್ಚಲುಮನೆಯ ಗೋಡೆಯಲ್ಲಿ ತೂಗುವ ‘ಗೀಸರ್’ ಕೂಡ ಈ ಹೆಸರಿನ ಮೊಮ್ಮಗನೇ!

ಬುನ್ಸೆನ್ ಕುದುರೆಯ ಬೆನ್ನ ಮೇಲೆ ಹೋದ ನೆಲಕ್ಕೆ ಇಂದು ರಾಜಧಾನಿ ರೇಕ್ಯಾವಿಕ್‌ನಿಂದ ದಿನವೂ ಪ್ರವಾಸಿ ಬಸ್ಸುಗಳಿವೆ. ಬೆಳಿಗ್ಗೆ ಹೊರಟು ಸಂಜೆ ಮರಳುವ ಈ ಸುತ್ತಿಗೆ ‘ಸುವರ್ಣ ವೃತ್ತ’ ಎಂದು ಹೆಸರು. ಸುಮಾರು 250 ಕಿ.ಮೀ. ದಾರಿ, ಮೂರು ಮುಖ್ಯ ತಾಣ, ಜೊತೆಗೊಬ್ಬ ಮಾರ್ಗದರ್ಶಿ. ಯೂರೋಪಿನಲ್ಲಿ ಓದುತ್ತಿರುವ ಮಗಳ ನೆಪದಲ್ಲಿ ಒಂದು ಜೂನ್ ತಿಂಗಳಲ್ಲಿ ನನಗೂ ಆ ಬಸ್ಸಿನ ಕಿಟಕಿ ಪಕ್ಕದ ಸೀಟು ಸಿಕ್ಕಿತು. ಮೂವತ್ತು ವರ್ಷ ಕಪ್ಪು ಹಲಗೆಯ ಮೇಲೆ ಸೀಮೆಸುಣ್ಣದಲ್ಲಿ ಬರೆದ ಚಿತ್ರಗಳನ್ನು ಒಂದೇ ಹಗಲಿನಲ್ಲಿ ನೆಲದ ಮೇಲೆ ಕಾಣುವ ಅವಕಾಶ. ಬಿಟ್ಟವರುಂಟೆ?

ಐಸ್‌ಲ್ಯಾಂಡ್ ವಿಸ್ತೀರ್ಣದಲ್ಲಿ ನಮ್ಮ ಕರ್ನಾಟಕದ ಅರ್ಧಕ್ಕಿಂತ ಸ್ವಲ್ಪ ದೊಡ್ಡದು. ಜನಸಂಖ್ಯೆಯೋ ನಾಲ್ಕು ಲಕ್ಷದ ಆಸುಪಾಸು. ಊರು ದಾಟಿದ ಹತ್ತು ನಿಮಿಷಕ್ಕೆ ಮನೆಗಳು ಮುಗಿದು, ಪಾಚಿ ಹೊದ್ದ ಕಪ್ಪು ಕಲ್ಲಿನ ಬಯಲು ಶುರುವಾಗುತ್ತದೆ. ಮರಗಳು ಅಪರೂಪ. ಜೂನ್‌ನಲ್ಲೂ ಸ್ವೆಟರ್ ಬೇಕು, ಗಾಳಿಗೆ ಕೊಡೆ ಉಪಯೋಗವಿಲ್ಲ.

ಬಿರುಕಿನೊಳಗೆ ನಡಿಗೆ

ಮೊದಲ ನಿಲುಗಡೆ ಥಿಂಗ್‌ವೆಲ್ಲಿರ್. ರೇಕ್ಯಾವಿಕ್‌ನಿಂದ ಮುಕ್ಕಾಲು ಗಂಟೆಯ ದಾರಿ. ಎರಡೂ ಬದಿಗೆ ಕಡಿದಾದ ಕಲ್ಲಿನ ಗೋಡೆ, ನಡುವೆ ಕಾಲುದಾರಿ. ಅಲ್ಮನ್ನಗ್ಯಾ ಎಂಬ ಈ ಸೀಳು ಉತ್ತರ ಅಮೆರಿಕದ ಭೂಫಲಕದ ಅಂಚು. ಅಟ್ಲಾಂಟಿಕ್ ಸಾಗರದ ಮಧ್ಯೆ ಉತ್ತರ ದಕ್ಷಿಣವಾಗಿ ಸಾಗುವ ಬೃಹತ್ ಪರ್ವತಶ್ರೇಣಿ ನೀರೊಳಗೇ ಅಡಗಿದೆ. ಅದು ನೀರಿನಿಂದ ಮೇಲೆದ್ದು, ನಾವು ಚಪ್ಪಲಿ ಕಾಲಿನಲ್ಲಿ ಅಡ್ಡಾಡಬಹುದಾದ ದೊಡ್ಡ ನೆಲವೆಂದರೆ ಐಸ್‌ಲ್ಯಾಂಡ್. ಇಲ್ಲಿ ಅಮೆರಿಕದ ಫಲಕ ಪಶ್ಚಿಮಕ್ಕೂ ಯುರೇಷಿಯಾದ ಫಲಕ ಪೂರ್ವಕ್ಕೂ ಸರಿಯುತ್ತಿವೆ. ಒಟ್ಟು ವೇಗ ವರ್ಷಕ್ಕೆ ಸುಮಾರು 2 ಸೆಂ.ಮೀ. ನಮ್ಮ ಬೆರಳಿನ ಉಗುರು ಇದಕ್ಕಿಂತ ಬೇಗ ಬೆಳೆಯುತ್ತದೆ.

‘ಒಂದು ಕಾಲು ಅಮೆರಿಕದಲ್ಲಿ, ಇನ್ನೊಂದು ಕಾಲು ಯೂರೋಪಿನಲ್ಲಿ’ ಎಂದು ಮಾರ್ಗದರ್ಶಿಗಳು ಪ್ರವಾಸಿಗರನ್ನು ಸಣ್ಣ ಬಿರುಕಿನ ಮೇಲೆ ನಿಲ್ಲಿಸಿ ಫೋಟೊ ತೆಗೆಸುವುದುಂಟು. ಕೇಳಲು ಸೊಗಸು, ವಿಜ್ಞಾನ ಸ್ವಲ್ಪ ಬೇರೆ. ಫಲಕಗಳ ಗಡಿ ಹೊಲದ ಬದುವಿನಂತೆ ಒಂದು ಗೆರೆಯಲ್ಲ. ಹಲವು ಕಿಲೋಮೀಟರ್ ಅಗಲದ, ನೂರಾರು ಬಿರುಕುಗಳ ಒಂದು ಪಟ್ಟಿ ಅದು. ಎರಡು ಅಂಚುಗಳು ದೂರವಾದಂತೆ ನಡುವಿನ ನೆಲ ಕುಸಿಯುತ್ತದೆ. ಎರಡು ಮೇಜುಗಳ ನಡುವೆ ಚಾಪೆ ಹಾಸಿ, ಮೇಜುಗಳನ್ನು ಮೆಲ್ಲಗೆ ದೂರ ಸರಿಸಿ ನೋಡಿ, ಗೊತ್ತಾಗುತ್ತದೆ. ಕಳೆದ ಸುಮಾರು 10,000 ವರ್ಷಗಳಲ್ಲಿ ಈ ಕಣಿವೆ 70 ಮೀಟರಿನಷ್ಟು ಅಗಲವಾಗಿ, 40 ಮೀಟರಿನಷ್ಟು ತಗ್ಗಿದೆ. 1789ರ ಭೂಕಂಪದಲ್ಲಂತೂ ಕಣಿವೆಯ ತಳ ಕೆಲವೇ ದಿನಗಳಲ್ಲಿ ಒಂದು ಮೀಟರಿಗೂ ಹೆಚ್ಚು ಕುಸಿಯಿತು. ಅಂದರೆ ಸರಾಸರಿ ಎಂಬುದು ನಮ್ಮ ಲೆಕ್ಕದ ಅನುಕೂಲಕ್ಕೆ. ಭೂಮಿ ನೂರಾರು ವರ್ಷ ಬಿಗಿಹಿಡಿದು, ಒಮ್ಮೆಲೇ ಬಿಡುತ್ತದೆ.

ವಿದ್ಯಾರ್ಥಿಗಳಿಗೆ ಇಲ್ಲೊಂದು ಲೆಕ್ಕ. 10,000 ವರ್ಷಕ್ಕೆ 70 ಮೀಟರ್ ಎಂದರೆ ವರ್ಷಕ್ಕೆ 7 ಮಿ.ಮೀ. ಮಾತ್ರ. ಫಲಕಗಳ ವೇಗವೋ 20 ಮಿ.ಮೀ. ಉಳಿದ 13 ಎಲ್ಲಿ ಹೋಯಿತು? ನಮ್ಮ ಬಸ್ಸಿನಲ್ಲಿ ಈ ಪ್ರಶ್ನೆ ಕೇಳಿದ್ದು ಹದಿಮೂರು ಹದಿನಾಲ್ಕರ ಒಬ್ಬ ಹುಡುಗಿ. ಮಾರ್ಗದರ್ಶಿ ಸಂತೋಷದಿಂದಲೇ ಉತ್ತರ ಹೇಳಿದಳು: ದಕ್ಷಿಣ ಐಸ್‌ಲ್ಯಾಂಡಿನಲ್ಲಿ ಇಂಥ ಬಿರುಕಿನ ಪಟ್ಟಿಗಳು ಎರಡಿವೆ. ಪೂರ್ವದ ಪಟ್ಟಿಯೇ ಹೆಚ್ಚಿನ ಪಾಲು ಹಂಚಿಕೊಂಡಿದೆ. ಪಕ್ಕದಲ್ಲಿದ್ದ ತಂದೆ ಮಗಳ ಪ್ರಶ್ನೆಗೆ ಸುಮ್ಮನಿರೆಂದು ಹೇಳದೆ ತಾನೂ ಕಿವಿಗೊಟ್ಟು ಕೇಳಿದ್ದು ನನಗೆ ಮೆಚ್ಚುಗೆಯಾಯಿತು.

ಇದೇ ಬಿರುಕಿನ ಮಡಿಲಲ್ಲಿ ಕ್ರಿ.ಶ. 930ರಿಂದ ಐಸ್‌ಲ್ಯಾಂಡಿನ ಜನಸಭೆ ‘ಆಲ್ಥಿಂಗ್’ ಬಯಲಿನಲ್ಲೇ ಸೇರುತ್ತಿತ್ತು. ಕಾನೂನುಗಳು ಬರಹಕ್ಕಿಳಿಯುವ ಮೊದಲು, ‘ಕಾನೂನು ಹೇಳುವವ’ನೊಬ್ಬ ವರ್ಷಕ್ಕೆ ಮೂರನೇ ಒಂದು ಭಾಗದಂತೆ ಅವನ್ನು ಬಾಯಿಪಾಠ ಒಪ್ಪಿಸಬೇಕಿತ್ತು! 1944ರ ಜೂನ್ 17ರಂದು ಐಸ್‌ಲ್ಯಾಂಡ್ ಗಣರಾಜ್ಯವೆಂದು ಘೋಷಣೆಯಾದದ್ದೂ ಇಲ್ಲಿಯೇ. 2004ರಲ್ಲಿ ಯುನೆಸ್ಕೊ ಇದನ್ನು ವಿಶ್ವ ಪರಂಪರೆಯ ತಾಣಗಳ ಪಟ್ಟಿಗೆ ಸೇರಿಸಿತು.

ಮಜ್ಜಿಗೆ ಕಡೆಯುವ ಬುಗ್ಗೆ

ಅಲ್ಲಿಂದ ಒಂದು ಗಂಟೆಯ ಪಯಣ. ಬಸ್ಸಿನಿಂದ ಇಳಿಯುತ್ತಲೇ ಮೂಗಿಗೆ ಅಡರುವುದು ಕೊಳೆತ ಮೊಟ್ಟೆಯ ವಾಸನೆ. ಸಹಪ್ರಯಾಣಿಕರು ಕರವಸ್ತ್ರ ತೆಗೆದರು. ನನಗೆ ಮಾತ್ರ ಕಾಲೇಜಿನ ದಿನಗಳ ಕಿಪ್ ಉಪಕರಣ ನೆನಪಾಗಿ ಖುಷಿಯಾಯಿತು. ಅದೇ ಹೈಡ್ರೋಜನ್ ಸಲ್ಫೈಡ್!

ಗೇಸಿರ್ ಎಂಬ ಮೂಲ ಮಹಾಬುಗ್ಗೆ ಈಗ ಬಹುಮಟ್ಟಿಗೆ ನಿದ್ದೆಯಲ್ಲಿದೆ. 2000ದ ಜೂನ್ ತಿಂಗಳ ಭೂಕಂಪಗಳ ನಂತರ ಕೆಲಕಾಲ ಎಚ್ಚೆತ್ತಿತ್ತು. ಆಟ ತೋರಿಸುವುದು ಪಕ್ಕದ ಸ್ಟ್ರೋಕ್ಕುರ್. ಆ ಹೆಸರಿಗೆ ಅವರ ಭಾಷೆಯಲ್ಲಿ ಬೆಣ್ಣೆ ಕಡೆಯುವ ಪಾತ್ರೆ ಎಂದರ್ಥ. ಐದರಿಂದ ಹತ್ತು ನಿಮಿಷಕ್ಕೊಮ್ಮೆ ಕೊಳದ ನೀರು ಮೇಲೆ ಕೆಳಗೆ ಉಸಿರಾಡಿ, ನೀಲಿ ಗುಮ್ಮಟದಂತೆ ಉಬ್ಬಿ, ಕಣ್ಣು ಮಿಟುಕಿಸುವಷ್ಟರಲ್ಲಿ ಒಡೆದು 15-20 ಮೀಟರ್ ಎತ್ತರಕ್ಕೆ ಚಿಮ್ಮುತ್ತದೆ. ಫೋಟೊಕ್ಕಿಂತ ಆ ನೀಲಿ ಗುಮ್ಮಟವನ್ನು ಕಣ್ಣಿನಿಂದ ನೋಡುವುದೇ ಮೇಲು. ಅರ್ಧ ಕ್ಷಣದ ಆ ನೋಟವನ್ನು ಮೊಬೈಲು ಎತ್ತಿ ಹಿಡಿದ ಬಹುಪಾಲು ಜನ ಕಳೆದುಕೊಂಡರು.

ಇದು ಯಾಕೆ ಹೀಗೆ? ಅಡುಗೆಮನೆಯ ಪ್ರೆಷರ್ ಕುಕ್ಕರ್ ಅರ್ಥವಾದವರಿಗೆ ಇದೂ ಅರ್ಥವಾಗುತ್ತದೆ. ನೀರು 100 ಡಿಗ್ರಿ ಸೆಲ್ಸಿಯಸ್‌ನಲ್ಲಿ ಕುದಿಯುತ್ತದೆ ಎಂಬುದು ಸಮುದ್ರಮಟ್ಟದ ವಾಯುಭಾರಕ್ಕೆ ಮಾತ್ರ ಸಲ್ಲುವ ಮಾತು. ಒತ್ತಡ ಇಮ್ಮಡಿಯಾದರೆ ಕುದಿಯಲು ಸುಮಾರು 120 ಡಿಗ್ರಿ ಬೇಕು. ಕುಕ್ಕರಿನಲ್ಲಿ ಬೇಳೆ ಬೇಗ ಬೇಯುವ ಗುಟ್ಟೂ ಇದೇ. ಈಗ ಬುಗ್ಗೆಯ ಕೊಳವೆಯನ್ನು ಕಲ್ಪಿಸಿಕೊಳ್ಳಿ. ನೆಲದಡಿ ಹತ್ತು ಮೀಟರ್ ಆಳದ ನೀರಿನ ತಲೆಯ ಮೇಲೆ ಹತ್ತು ಮೀಟರ್ ನೀರಿನ ಭಾರವಿದೆ. ಅಲ್ಲಿನ ಒತ್ತಡ ಹೆಚ್ಚುಕಡಿಮೆ ಇಮ್ಮಡಿ. ಇಪ್ಪತ್ತು ಮೀಟರ್ ಆಳದಲ್ಲಿ ಮೂರು ಪಟ್ಟು. ಹೀಗಾಗಿ ಕೆಳಗಿನ ಬಂಡೆ ಎಷ್ಟೇ ಕಾಯಿಸಿದರೂ ಆಳದ ನೀರು 110, 120 ಡಿಗ್ರಿ ದಾಟಿಯೂ ಕುದಿಯದೆ ಕುಳಿತಿರುತ್ತದೆ. ಕೊಳವೆ ಕಿರಿದಾದ್ದರಿಂದ ಬಿಸಿನೀರು ಸರಾಗವಾಗಿ ಮೇಲೆದ್ದು ತಣಿಯಲೂ ಆಗದು.

ಬುನ್ಸೆನ್ ಕಂಡುಕೊಂಡದ್ದು ಇದನ್ನೇ. ಉಕ್ಕುವ ಮುನ್ನ ಕೊಳವೆಯ ಯಾವ ಆಳದಲ್ಲೂ ನೀರು ಆ ಆಳದ ಕುದಿಬಿಂದುವನ್ನು ಮುಟ್ಟಿರುವುದಿಲ್ಲ, ಆದರೆ ಹತ್ತಿರದಲ್ಲಿರುತ್ತದೆ. ಅಡಿಯಿಂದ ಬಂದ ಒಂದಿಷ್ಟು ಆವಿ ನೀರಿನ ಕಂಬವನ್ನು ಒಂದೆರಡು ಮೀಟರ್ ಮೇಲಕ್ಕೆ ನೂಕಿದರೆ ಸಾಕು. ಮೇಲೆ ಬಂದ ನೀರಿನ ಮೇಲಿನ ಭಾರ ಕಡಿಮೆಯಾಗಿ, ಅದೇ ಉಷ್ಣತೆಯಲ್ಲಿ ಅದು ತಟ್ಟನೆ ಆವಿಯಾಗುತ್ತದೆ. ಆ ಆವಿ ಮೇಲಿನ ನೀರನ್ನು ಹೊರಕ್ಕೆಸೆಯುತ್ತದೆ. ಆಗ ಕೆಳಗಿನ ನೀರಿನ ಭಾರವೂ ಇಳಿಯಿತಲ್ಲ! ಅದೂ ಆವಿ. ಹೀಗೆ ಇಡೀ ಕೊಳವೆ ಕ್ಷಣದಲ್ಲಿ ಬರಿದಾಗುತ್ತದೆ. ಮತ್ತೆ ನೀರು ತುಂಬುತ್ತದೆ, ಮತ್ತೆ ಕಾಯುತ್ತದೆ. ಬೆಂಕಿ ಹೆಚ್ಚಿಸದೆ ಮುಚ್ಚಳ ತೆಗೆದರೂ ಸ್ಫೋಟವಾಗಬಹುದು ಎಂಬ ಈ ಮಾತನ್ನು ಅಡುಗೆಮನೆಯಲ್ಲೂ ಮರೆಯಬಾರದು.

ಬುಗ್ಗೆಯ ಸುತ್ತ ಹಗ್ಗ ಕಟ್ಟಿದ್ದಾರೆ, ಅಷ್ಟೇ. ಮೊಣಕಾಲೆತ್ತರದ ಹಗ್ಗ. ದಾಟುವುದು ಸುಲಭ. ಆದರೆ ಆಚೆಯ ನೀರು ಚರ್ಮ ಸುಲಿಯುವಷ್ಟು ಬಿಸಿ. ಮಾರ್ಗದರ್ಶಿ ಬಸ್ಸಿನಲ್ಲೇ ಮೂರು ಸಲ ಎಚ್ಚರಿಸಿದ್ದಳು, ಇಳಿದ ಮೇಲೂ ತಲೆ ಎಣಿಸಿದಳು, ಹತ್ತುವಾಗಲೂ ಎಣಿಸಿದಳು. 2024ರ ಡಿಸೆಂಬರ್‌ನಲ್ಲಿ ಮುರುಡೇಶ್ವರದ ಕಡಲಲ್ಲಿ ಶಾಲಾ ಪ್ರವಾಸಕ್ಕೆ ಬಂದಿದ್ದ ನಾಲ್ವರು ವಿದ್ಯಾರ್ಥಿನಿಯರು ಮುಳುಗಿ ತೀರಿಕೊಂಡದ್ದನ್ನು ಯಾವ ಶಿಕ್ಷಕ ಮರೆತಾನು? ಪ್ರಕೃತಿಯ ಅಚ್ಚರಿ ತೋರಿಸಲು ಮಕ್ಕಳನ್ನು ಕರೆದೊಯ್ಯುವವರ ಮೊದಲ ಕೆಲಸ ತಲೆ ಎಣಿಸುವುದು. ಪೋಷಕರು ಪ್ರವಾಸದ ಹಣ ಕಟ್ಟುವ ಮೊದಲು ‘ಎಷ್ಟು ಮಕ್ಕಳಿಗೆ ಎಷ್ಟು ಮಂದಿ ದೊಡ್ಡವರು? ನೀರಿಗೆ ಇಳಿಸುತ್ತೀರಾ?’ ಎಂದು ಕೇಳಲು ಸಂಕೋಚಪಡಬೇಕಾಗಿಲ್ಲ. ಕೇಳಿದರೆ ಬೇಸರಿಸುವ ಶಾಲೆಯ ಜೊತೆ ಮಗುವನ್ನು ಕಳಿಸದಿದ್ದರೂ ನಷ್ಟವಿಲ್ಲ.

ಜೋಗದ ಗುಂಡಿ ಕಂಡವರಿಗೆ

ಗೇಸಿರ್‌ನಿಂದ ಹತ್ತು ಕಿ.ಮೀ. ದೂರಕ್ಕೆ ಗುಲ್‌ಫಾಸ್, ಅಂದರೆ ಚಿನ್ನದ ಜಲಪಾತ. ಹ್ವೀಟಾ ನದಿ ಎರಡು ಮೆಟ್ಟಿಲುಗಳಲ್ಲಿ, ಮೊದಲು 11 ಮೀಟರ್, ಆಮೇಲೆ 21 ಮೀಟರ್ ಧುಮುಕುತ್ತದೆ. ಒಟ್ಟು 32. ನಮ್ಮ ಜೋಗದ 253 ಮೀಟರಿಗೆ ಹೋಲಿಸಿದರೆ ಎಂಟನೇ ಒಂದು ಪಾಲು. ಆದರೆ ನೀರಿನ ಮೊತ್ತ ನೋಡಿ: ಬೇಸಿಗೆಯಲ್ಲಿ ಸೆಕೆಂಡಿಗೆ ಸರಾಸರಿ 140 ಘನ ಮೀಟರ್, ನಮ್ಮ ಪತ್ರಿಕೆಗಳ ಭಾಷೆಯಲ್ಲಿ ಸುಮಾರು ಐದು ಸಾವಿರ ಕ್ಯುಸೆಕ್. ಜೋಗಕ್ಕೆ ಮಳೆಗಾಲ ಹೇಗೋ ಇದಕ್ಕೆ ಬೇಸಿಗೆ ಹಾಗೆ. ಲಾಂಗ್‌ಯೊಕುಲ್ ಎಂಬ ಹಿಮರಾಶಿ ಬಿಸಿಲಿಗೆ ಕರಗಿ ನದಿಗೆ ನೀರೂಡಿಸುತ್ತದೆ. ಅಲ್ಲೂ ಹಿಮ ಹಿಂಜರಿಯುತ್ತಿದೆ. ಲಾಂಗ್‌ಯೊಕುಲ್‌ನ ನೆರೆಯ ‘ಓಕ್’ ಎಂಬ ಹಿಮನದಿ ಸತ್ತಿತೆಂದು 2014ರಲ್ಲಿ ಘೋಷಿಸಿ, 2019ರಲ್ಲಿ ಅದಕ್ಕೊಂದು ಸ್ಮಾರಕ ಫಲಕ ನೆಟ್ಟಿದ್ದಾರೆ.

ಗುಲ್‌ಫಾಸ್‌ನ ದಂಡೆಯಲ್ಲಿ ಒಬ್ಬ ರೈತ ಮಹಿಳೆಯ ಸ್ಮಾರಕಶಿಲೆಯಿದೆ. ಆಕೆ ಸಿಗ್ರೀದುರ್ ಟೋಮಸ್‌ದೋತ್ತಿರ್, ಪಕ್ಕದ ಬ್ರಾಟ್‌ಹೋಲ್ಟ್ ಎಂಬ ಹೊಲಮನೆಯವಳು. ಇಪ್ಪತ್ತನೇ ಶತಮಾನದ ಆರಂಭದಲ್ಲಿ ಜಲಪಾತವನ್ನು ಗುತ್ತಿಗೆ ಹಿಡಿದು ವಿದ್ಯುತ್ ಉತ್ಪಾದಿಸುವ ಯತ್ನ ನಡೆದಾಗ ಆಕೆ ವರ್ಷಗಟ್ಟಲೆ ಎದುರಿಸಿದಳು. ಕಟ್ಟೆ ಕಟ್ಟಿದರೆ ಜಲಪಾತಕ್ಕೇ ಹಾರುತ್ತೇನೆಂದು ಬೆದರಿಸಿದಳೆಂದೂ, ರೇಕ್ಯಾವಿಕ್‌ಗೆ ಬರಿಗಾಲಲ್ಲಿ ನಡೆದುಹೋದಳೆಂದೂ ಕಥೆಗಳಿವೆ. ಆಕೆಗೆ ನೆರವಾದ ವಕೀಲ ಸ್ವೇಯ್ನ್ ಬ್ಯೋರ್ನ್‌ಸನ್ ಮುಂದೆ ದೇಶದ ಮೊದಲ ಅಧ್ಯಕ್ಷನಾದ. ಕೋರ್ಟಿನಲ್ಲಿ ಆಕೆಗೆ ಸೋಲೇ ಆಯಿತು. ಆದರೆ ಗುತ್ತಿಗೆಯ ಹಣ ಸಂದಾಯವಾಗದೆ 1929ರಲ್ಲಿ ಒಪ್ಪಂದ ಬಿದ್ದುಹೋಯಿತು. 1979ರಿಂದ ಅದು ಸಂರಕ್ಷಿತ ತಾಣ.

ಇಲ್ಲಿ ನಿಂತ ಕನ್ನಡಿಗನಿಗೆ ಶರಾವತಿ ನೆನಪಾಗದೆ ಇದ್ದೀತೆ? ನಾವು ಬೇರೆ ದಾರಿ ಹಿಡಿದೆವು. 1948ರಲ್ಲಿ ಜೋಗದ ವಿದ್ಯುದಾಗಾರ ಆರಂಭವಾಯಿತು, 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಬಂತು. ಸಾವಿರಾರು ಕುಟುಂಬಗಳು ಮುಳುಗಡೆಗೆ ನೆಲ ಕೊಟ್ಟವು. ಆ ವಿದ್ಯುತ್ತಿನ ಬೆಳಕಿನಲ್ಲೇ ನಾನೂ ಎಸ್ಸೆಸ್ಸೆಲ್ಸಿಗೆ ಓದಿದ್ದು, ಆದ್ದರಿಂದ ಅದು ತಪ್ಪೆಂದು ತೀರ್ಪು ಕೊಡುವ ಧೈರ್ಯ ನನಗಿಲ್ಲ. ಐಸ್‌ಲ್ಯಾಂಡಿನವರೂ ಎಲ್ಲ ನದಿಗಳನ್ನು ಉಳಿಸಿಕೊಂಡಿಲ್ಲ. ಅವರ ವಿದ್ಯುತ್ತಿನಲ್ಲಿ ಸುಮಾರು ಮುಕ್ಕಾಲು ಪಾಲು ಬರುವುದು ನದಿಗಳಿಂದಲೇ. ಕಾರಹ್ನ್ಯೂಕರ್ ಎಂಬಲ್ಲಿ ಅಲ್ಯೂಮಿನಿಯಂ ಕಾರ್ಖಾನೆಯೊಂದಕ್ಕಾಗಿ ದೊಡ್ಡ ಅಣೆಕಟ್ಟನ್ನೇ ಕಟ್ಟಿದ್ದಾರೆ. ಆದರೆ ಬಸ್ಸಿನಲ್ಲಿ ಸಿಗ್ರೀದುರ್ ಕಥೆ ಹೇಳಿದಂತೆ, ಮುಳುಗಡೆಯ ಕಥೆಯನ್ನು ಜೋಗಕ್ಕೆ ಹೋಗುವ ನಮ್ಮ ಶಾಲಾ ಬಸ್ಸುಗಳಲ್ಲಿ ಯಾರು ಹೇಳುತ್ತಾರೆ? ರಾಜ, ರಾಣಿ, ರೋರರ್, ರಾಕೆಟ್ ಎಂದು ನಾಲ್ಕು ಹೆಸರು ಬಾಯಿಪಾಠ ಮಾಡಿಸಿ, ಗ್ರೂಪ್ ಫೋಟೊ ತೆಗೆಸಿ ಹೊರಡಿಸುತ್ತೇವೆ. ಅಲ್ಲಿ ನೀರು ಕಡಿಮೆ ಇರುವ ದಿನ ಮಕ್ಕಳು ಕೇಳುವ ‘ನೀರೆಲ್ಲಿ ಸಾರ್?’ ಎಂಬುದೇ ನಿಜವಾದ ಪ್ರಶ್ನೆ.

ದಿನದ ಲೆಕ್ಕ

ಇಂಥ ಪ್ರವಾಸದ ಕೊರತೆಗಳೂ ಇವೆ. ಎಂಟು ಗಂಟೆಯಲ್ಲಿ ಅರ್ಧದಷ್ಟು ಬಸ್ಸಿನಲ್ಲೇ ಕಳೆಯುತ್ತದೆ. ಪ್ರತಿ ತಾಣದಲ್ಲೂ ನೆನಪಿನ ಕಾಣಿಕೆಗಳ ಅಂಗಡಿಯ ಮೂಲಕವೇ ಹಾದುಬರುವ ವ್ಯವಸ್ಥೆ. ಊಟದ ಬೆಲೆ ಕೇಳಿದರೆ ಹಸಿವೇ ಇಂಗುತ್ತದೆ. ನಾವು ಚಪಾತಿ, ಚಟ್ನಿಪುಡಿ ಕಟ್ಟಿಕೊಂಡಿದ್ದೆವು.

ಐಸ್‌ಲ್ಯಾಂಡ್ ನಮಗೆ ದೂರ, ದುಬಾರಿ. ಆದರೆ ಭೂಫಲಕ ಬಿರಿದ ಸಾಕ್ಷಿ ನೋಡಲು ವಿಮಾನವೇ ಬೇಕೆಂದಿಲ್ಲ. ಉಡುಪಿಯ ಮಲ್ಪೆ ಎದುರಿನ ಸೇಂಟ್ ಮೇರೀಸ್ ದ್ವೀಪದ ಕಂಬಕಂಬದ ಬಂಡೆಗಳು ಸುಮಾರು 8.8 ಕೋಟಿ ವರ್ಷಗಳ ಹಿಂದಿನ ಲಾವಾ. ಭಾರತ ಮತ್ತು ಮಡಗಾಸ್ಕರ್ ಒಂದನ್ನೊಂದು ಬಿಟ್ಟು ಸರಿಯುವ ಕಾಲಕ್ಕೆ ಉಕ್ಕಿದ್ದು. ಥಿಂಗ್‌ವೆಲ್ಲಿರ್‌ನಲ್ಲಿ ಇಂದು ನಡೆಯುತ್ತಿರುವುದು ಇಲ್ಲಿ ಅಂದು ನಡೆದಿತ್ತು. ಅದು ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕವೂ ಹೌದು. ಹೋಗುವವರು ಒಂದು ಅಳತೆಪಟ್ಟಿ, ಒಂದು ನೋಟ್‌ಬುಕ್ ಒಯ್ಯಿರಿ. ಕಂಬಗಳಿಗೆ ಐದು ಮುಖವೋ ಆರೋ ಏಳೋ ಎಂದು ಎಣಿಸಿ ಬರೆದುಕೊಳ್ಳಿ, ಪಾಠಕ್ಕೆ ಬೇಕಾಗುತ್ತದೆ. ಮಳೆಗಾಲದಲ್ಲಿ ಕಡಲು ಒರಟು, ದೋಣಿ ಇರುವುದಿಲ್ಲ. ಮಳೆ ನಿಂತ ಮೇಲೆ ವಿಚಾರಿಸಿ ಹೊರಡುವುದು ವಾಸಿ.